ಊರಲ್ಲಿದ್ದ ಡಾಕ್ಟರು

"ಬೆರಳು ತಣ್ಣಗಾಗ್ಯಾವ್ರಿ ಸಾಹೇಬ್ರ. ಮುಟ್ಟಿದ್ರ ಗೊತ್ತಾಗವಲ್ದು ಅನ್ನಾಕತ್ಯಾನ್ರಿ," ಎಂದಳು ಮರೆಮ್ಮ, ಬಾಗಿಲಲ್ಲೇ ನಿಂತು. ಸರದಿಯಲ್ಲಿ ಕೂತವರನ್ನೆಲ್ಲ ದಾಟಿಕೊಂಡು ಒಳಗೆ ಬಂದಿದ್ದಳು. ಸೆರಗಿಗೆ ಸಿಮೆಂಟಿನ ಬೂದಿ ಇನ್ನೂ ಅಂಟಿತ್ತು. ಪುಣೆಯ ಸಾತಾರಾ ರಸ್ತೆಯಿಂದ ಬಿಬವೇವಾಡಿಯವರೆಗೆ ನಡೆದೇ ಬಂದವಳು ಏದುಸಿರು ಬಿಡುತ್ತಿದ್ದಳು.

ಡಾಕ್ಟರ್ ಮನೋಹರ ಹುಣಶ್ಯಾಳ ಮಗುವೊಂದರ ಎದೆಯ ಮೇಲಿಟ್ಟ ಸ್ಟೆತಾಸ್ಕೋಪನ್ನು ತೆಗೆಯದೆಯೇ ಅವಳತ್ತ ನೋಡಿದ. ಅವಳ ಗಂಡ ಅವ್ವಣ್ಣ ಹಿಂದಿನ ದಿನ ಕಾತ್ರಜ್ ಕಡೆಯ ಕಟ್ಟಡವೊಂದರ ಸಾರವೆಯಿಂದ ಬಿದ್ದು ಮೊಣಕಾಲ ಕೆಳಗಿನ ಮೂಳೆ ಮುರಿದುಕೊಂಡ ಸುದ್ದಿ ಅವನಿಗೆ ಗೊತ್ತಿತ್ತು. ಕಾಂಟ್ರ್ಯಾಕ್ಟರ್ ಶಂಕ್ರೆಪ್ಪ ಅವನನ್ನು ರಿಕ್ಷಾದಲ್ಲಿ ಹಾಕಿಕೊಂಡು ಡಾಕ್ಟರ್ ಧರ್ಮರಾಜನ ನರ್ಸಿಂಗ್ ಹೋಮಿಗೆ ಒಯ್ದಿದ್ದ. ಆ ರಿಕ್ಷಾ ಹೋದದ್ದು ಇದೇ ದವಾಖಾನೆಯ ಮುಂದಿನಿಂದ. ಸುರಪುರದ ಕಡೆಯಿಂದ ದುಡಿಯಲು ಬಂದ ಆ ಸಂಸಾರ ಜ್ವರ ಬರಲಿ, ವಾಂತಿಯಾಗಲಿ, ನಾಲ್ಕು ವರ್ಷದಿಂದ ಮನೋಹರನ ಬಾಗಿಲನ್ನೇ ತಟ್ಟಿತ್ತು. ಮುರಿದ ಎಲುಬಿಗೆ ಎಲುಬಿನ ಡಾಕ್ಟರನೇ ಬೇಕು, ಅದರಲ್ಲಿ ತಪ್ಪೇನೂ ಇಲ್ಲ. ಆದರೂ ಆ ರಿಕ್ಷಾ ಒಂದು ಗಳಿಗೆಯೂ ನಿಲ್ಲದೆ ಮುಂದೆ ಹೋದದ್ದು ಅವನ ಮನಸ್ಸಿನಲ್ಲಿ ಚುಚ್ಚಿಕೊಂಡೇ ಇತ್ತು.

"ಅಲ್ಲಿ ಯಾರಿಗೂ ಹೇಳಲಿಲ್ಲೇನು?"

"ನರ್ಸ್ ಬಾಯಿಗೆ ಹೇಳಿದ್ನ್ರಿ. ಮುರದ ಕಾಲು ನೋಯದ ಇರ್ತೈತೇನು ಅಂತ ಮರಾಠಿಯೊಳಗ ಬೈದು ಒಂದು ಸೂಜಿ ಮಾಡಿದ್ಲು. ಸಣ್ಣ ಡಾಕ್ಟರ್ ಒಬ್ಬ ಅದಾನ್ರಿ. ದೊಡ್ಡ ಸಾಹೇಬ್ರು ಮದುವಿಗೆ ಹೋಗ್ಯಾರ, ನಾಡಿದ್ದು ಬರ್ತಾರ, ಅವರು ಹಾಕಿದ ಪ್ಲಾಸ್ಟರ್ ಬಿಚ್ಚಾಕ ನಾ ಯಾರು ಅಂದ. ನೀವು ಒಂದು ಮಾತು ಹೇಳ್ರಿ ಯಪ್ಪಾ. ನಿಮ್ಮ ಮಾತು ಕೇಳ್ತಾರ."

ಪ್ಲಾಸ್ಟರ್ ಬಿಗಿಯಾಗಿದೆ, ಒಳಗೆ ಕಾಲು ಊದಿಕೊಂಡಿದೆ, ರಕ್ತ ಕೆಳಗಿಳಿಯುತ್ತಿಲ್ಲ. ಈಗಿಂದೀಗಲೇ ಅದನ್ನು ಕತ್ತರಿಸಿ ಸಡಿಲ ಮಾಡಬೇಕು. ಇಷ್ಟು ತಿಳಿಯಲು ಎಲುಬಿನ ತಜ್ಞನೇ ಆಗಬೇಕಿರಲಿಲ್ಲ. ಫೋನು ಮೊಣಕೈ ಪಕ್ಕದಲ್ಲೇ ಇತ್ತು. ಧರ್ಮರಾಜನ ನಾದಿನಿಯ ಮದುವೆಯ ಕರೆಯೋಲೆ ಮೇಜಿನ ಗಾಜಿನ ಕೆಳಗಿತ್ತು. ಸೊಲ್ಲಾಪುರದ ಬೀಗರ ಮನೆಯ ಫೋನ್ ನಂಬರು ಅದರಲ್ಲೇ ಅಚ್ಚಾಗಿತ್ತು.

ಕೈ ಫೋನಿನ ಕಡೆ ಹೋಯಿತು. ಅಷ್ಟರಲ್ಲಿ ಅವನಿಗೆ ಹೋದ ವರ್ಷದ ಮಾತು ನೆನಪಾಯಿತು. ಮುದುಕಿಯೊಬ್ಬಳ ಮಣಿಕಟ್ಟಿನ ಪಟ್ಟಿ ಯಾಕೋ ಓರೆಯಾಗಿ ಕಂಡು ಫೋನು ಮಾಡಿದಾಗ ಧರ್ಮರಾಜ, ಆ ಕಡೆ ಕೋಣೆತುಂಬ ಜನರಿರುವಾಗಲೇ, "ಏನಲೇ ಮನ್ಯಾ, ಇನ್ನ ನನಗ ಪ್ಲಾಸ್ಟರ್ ಹಾಕೂದು ಕಲಸ್ತೀಯೇನು?" ಎಂದು ಹೋ ಎಂದು ನಕ್ಕಿದ್ದ. ಅವನ ಜೊತೆ ಇನ್ನಾರೋ ನಕ್ಕದ್ದೂ ಕೇಳಿಸಿತ್ತು.

"ದೊಡ್ಡ ಡಾಕ್ಟರ್ ಬೇಕಂತ ಅಲ್ಲಿಗೆ ಹೋಗೀರಿ. ಅವರಿಗೇ ಹೇಳ್ರಿ," ಎಂದ ಮನೋಹರ. "ಒಬ್ಬರ ಪೇಷಂಟಿನ ನಡುವ ಇನ್ನೊಬ್ಬರು ಬಾಯಿ ಹಾಕಬಾರದು."

ಮರೆಮ್ಮ ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಹೊರಟುಹೋದಳು. ಮನೋಹರ ಮಗುವಿನ ತಾಯಿಗೆ ಔಷಧಿ ಬರೆದುಕೊಟ್ಟು ಮುಂದಿನವರನ್ನು ಕರೆದ.

ಧರ್ಮರಾಜ ಬಂದು ಪ್ಲಾಸ್ಟರ್ ಬಿಚ್ಚಿದಾಗ ಕಾಲು ಕಪ್ಪಾಗಿತ್ತು. ಅವನು ತನ್ನ ಕಾರಿನಲ್ಲೇ ಅವ್ವಣ್ಣನನ್ನು ದೊಡ್ಡ ಆಸ್ಪತ್ರೆಗೆ ಒಯ್ದನಂತೆ. ಅಲ್ಲಿ ಮೊಣಕಾಲ ಮೇಲಕ್ಕೆ ಕತ್ತರಿಸಿ ತೆಗೆದರು.

*

ಇಬ್ಬರೂ ಜಮಖಂಡಿಯವರು. ಹುಬ್ಬಳ್ಳಿಯಲ್ಲಿ ಡಾಕ್ಟರಿಕೆ ಓದುವಾಗ ಒಂದೇ ಕೋಣೆಯಲ್ಲಿ ಇದ್ದವರು. ಆಗ ಮನೋಹರನೇ ಓದಿನಲ್ಲಿ ಮುಂದು. ಧರ್ಮರಾಜ ಪರೀಕ್ಷೆಯ ಹಿಂದಿನ ದಿನ ಅವನ ಟಿಪ್ಪಣಿಗಳನ್ನು ಕಸಿದುಕೊಂಡು ಓದಿ ಪಾಸಾಗುತ್ತಿದ್ದ. ಆದರೆ ಮುಂದೆ ಎಂ.ಎಸ್. ಸೀಟಿನ ಪ್ರವೇಶ ಪರೀಕ್ಷೆಯಲ್ಲಿ ಧರ್ಮರಾಜ ಮೊದಲ ಸಲಕ್ಕೇ ಗೆದ್ದ. ಮನೋಹರ ಎರಡು ಸಲ ಕೂತು ಎರಡು ಸಲವೂ ಸೋತ. ಪುಣೆಗೆ ಅವನನ್ನು ಕರೆಸಿಕೊಂಡವನೂ ಧರ್ಮರಾಜನೇ. "ಇಲ್ಲಿ ನಮ್ಮ ಮಂದಿ ಭಾಳ ಅದಾರ, ಕನ್ನಡ ಮಾತಾಡೋ ಡಾಕ್ಟರ್ ಬೇಕಾಗ್ಯಾನ, ಬಾ," ಎಂದು ಪತ್ರ ಬರೆದು, ದವಾಖಾನೆಗೆ ಜಾಗ ಹುಡುಕಿ, ಮಾಲಕರ ಹತ್ತಿರ ತಾನೇ ಮಾತಾಡಿ ಬಾಡಿಗೆ ಇಳಿಸಿ ಕೊಟ್ಟಿದ್ದ.

ಆ ಉಪಕಾರವೇ ಮನೋಹರನಿಗೆ ಮುಳ್ಳಾಗಿತ್ತು. ಕೆಡುಕು ಮಾಡಿದವನನ್ನು ದ್ವೇಷಿಸಬಹುದು. ಒಳ್ಳೆಯದು ಮಾಡಿದವನನ್ನು ಏನು ಮಾಡುವುದು? ಕನ್ನಡ ಸಂಘದ ರಾಜ್ಯೋತ್ಸವದಲ್ಲಿ ಧರ್ಮರಾಜ ವೇದಿಕೆಯ ಮೇಲೆ, ಮನೋಹರ ಮೂರನೆಯ ಸಾಲಿನಲ್ಲಿ. ಧರ್ಮರಾಜ ಮನೆಗೆ ಬಂದರೆ ಹೆಂಡತಿ ಸುಮಂಗಲಾ ಕೇಳದೆಯೇ ಎರಡನೆಯ ಸಲ ಹೋಳಿಗೆ ಬಡಿಸುತ್ತಿದ್ದಳು. ಬಿದ್ದು ಮುಂಗೈ ಮುರಿದುಕೊಂಡಿದ್ದ ಮಗ ಸಂಜು, ಪಟ್ಟಿ ಹಾಕಿಸಿಕೊಂಡು ಬಂದ ದಿನ ಊಟಕ್ಕೆ ಕೂತಾಗ, "ನಾನೂ ಧರ್ಮರಾಜ ಕಾಕಾನಂಗ ಡಾಕ್ಟರ್ ಆಗ್ತೀನಿ," ಎಂದಿದ್ದ. ಮನೆಯಲ್ಲಿ ಇನ್ನೊಬ್ಬ ಡಾಕ್ಟರು ಇದ್ದಾನೆಂಬುದು ಹುಡುಗನಿಗೆ ನೆನಪೇ ಇರಲಿಲ್ಲ. ಮನೋಹರ ಆ ದಿನ ಮಜ್ಜಿಗೆ ಅನ್ನ ಉಣ್ಣದೆ ಎದ್ದ.

ಅವ್ವಣ್ಣನ ಕಾಲು ಹೋದ ಸುದ್ದಿ ಹಾಲಿನ ಅಂಗಡಿಯಲ್ಲಿ ತಿಳಿದಾಗ ಅವನು ಹಾಲು ಕೊಳ್ಳದೆಯೇ ಹೊರಟ. ಆ ಸಂಜೆ ಬಾಗಿಲಲ್ಲಿ ನಿಂತಿದ್ದ ಮರೆಮ್ಮ ಕಣ್ಣಿಗೆ ಕಟ್ಟಿದಳು. ಆದರೆ ಮನೆ ಮುಟ್ಟುವಷ್ಟರಲ್ಲಿ ಆ ತಳಮಳದ ಅಡಿಯಿಂದ ಇನ್ನೊಂದು ಮಾತು ಮೇಲೆದ್ದು ಬಂತು. ಧರ್ಮರಾಜನ ಕೈಯಲ್ಲೂ ಕೆಡುತ್ತದೆ.

*

ಕೆಲವು ತಿಂಗಳ ಮೇಲೆ ಮರೆಮ್ಮ ಮತ್ತೆ ಬಂದಳು. ಈ ಸಲ ಜೊತೆಗೆ ಒಬ್ಬ ವಕೀಲೆ. ಹೆಸರು ಆರತಿ, ಹುಟ್ಟಿದ್ದು ಅಕ್ಕಲಕೋಟೆ, ಮನೆಮಾತು ಕನ್ನಡ. ಕರಿ ಕೋಟನ್ನು ಕುರ್ಚಿಯ ಬೆನ್ನಿಗೆ ಹಾಕಿ ಕೂತು ನೇರವಾಗಿ ವಿಷಯಕ್ಕೆ ಬಂದಳು. ಡಾಕ್ಟರರೂ ಗ್ರಾಹಕ ಕಾಯ್ದೆಯ ಅಡಿಯಲ್ಲಿ ಬರುತ್ತಾರೆಂದು ಸುಪ್ರೀಂ ಕೋರ್ಟು ಹೇಳಿ ಎರಡು ವರ್ಷವಾಗಿತ್ತಷ್ಟೆ. ಅವ್ವಣ್ಣನ ಪರವಾಗಿ ಅವಳು ಜಿಲ್ಲಾ ಗ್ರಾಹಕ ವೇದಿಕೆಯಲ್ಲಿ ದೂರು ಹಾಕಿದ್ದಳು.

"ಕೇಸ್ ಹಾಕ್ತೀವಿ ಅಂತ ನನ್ನ ಕಡೆ ಬರೋರು ಭಾಳ ಮಂದಿ, ಡಾಕ್ಟರ್. ಖರೇನ ಹಾಕೋರು ಒಬ್ಬಿಬ್ಬರು," ಎಂದಳು. "ವಕೀಲರ ಫೀಗೆ ಅಂಜೂದಿಲ್ರಿ ಅವರು. ವರ್ಷಗಟ್ಟಲೆ ತಿರುಗೂದಕ್ಕ ಅಂಜತಾರ. ಒಂದು ತಾರೀಖಿಗೆ ಒಂದು ದಿನದ ಕೂಲಿ ಹೋಗ್ತದ. ಅಷ್ಟೂ ಮಾಡಿದ ಮ್ಯಾಲೆ, ತಪ್ಪಾಗೇದ ಅಂತ ಹೇಳಾಕ ಇನ್ನೊಬ್ಬ ಡಾಕ್ಟರ್ ಬೇಕು. ಅವ ಒಬ್ಬ ಸಿಗೂದಿಲ್ಲ. ಕ್ಯಾಂಪಿನಿಂದ ಹಿಡದು ಡೆಕ್ಕನ್ ತನಕಾ ಎಲುಬಿನ ಡಾಕ್ಟರ್ ಎಲ್ಲಾರ ಬಾಗಿಲೂ ಬಡದು ಬಂದೀನಿ. ಚಹಾ ಕೊಟ್ಟು ಕಳಸ್ತಾರ."

"ಅವರೇನಂತಾರ, ನರ್ಸಿಂಗ್ ಹೋಮಿನವರು?"

"ನಾಕನೇ ದಿನ ಮುಂಜಾನೆ ತನಕಾ ಬ್ಯಾನಿ ಜಾಸ್ತಿ ಅದ ಅಂತಾಗಲಿ, ಬೆರಳು ಜೋಮು ಹಿಡದಾವ ಅಂತಾಗಲಿ ಯಾರೂ ಹೇಳಿಲ್ಲ ಅಂತಾರ. ಇಲ್ಲಾ ಅನ್ನೋರು ನಾಕು ಮಂದಿ. ಹೌದು ಅನ್ನಾಕಿ ಇವಳೊಬ್ಬಳು. ಸಾಕ್ಷಿ ಇಲ್ಲ. ನೀವು ಪ್ಲಾಸ್ಟರಿನ ಬಗ್ಗೆ ಶಾಸ್ತ್ರ ಏನು ಹೇಳ್ತದ ಅಷ್ಟು ಹೇಳಿದ್ರ ಸಾಕು."

ಮನೋಹರ ಮರೆಮ್ಮನ ಕಡೆ ನೋಡಿದ. ಅವಳು ನೆಲ ನೋಡುತ್ತ ಕೂತಿದ್ದಳು. ಅಂದು ತನ್ನ ಹತ್ತಿರ ಬಂದದ್ದನ್ನು ಅವಳು ವಕೀಲೆಗೆ ಹೇಳಿಲ್ಲವೆಂದು ಅವನಿಗೆ ಅರ್ಥವಾಯಿತು. ಮರುಕ್ಷಣ, "ಹೇಳ್ತೀನಿ," ಎಂದ. ಅಷ್ಟು ಬೇಗ ಒಪ್ಪಿಗೆ ಸಿಗುವುದೆಂದು ಆರತಿ ಎಣಿಸಿರಲಿಲ್ಲ. ಅವಳು ಕೈಚೀಲದಲ್ಲಿ ಪೆನ್ನು ಹುಡುಕತೊಡಗಿದಳು.

ಹೊರಡುವಾಗ ಮರೆಮ್ಮ ಒಂದು ಹೆಜ್ಜೆ ಹಿಂದೆ ಉಳಿದಳು. "ನಾ ಯಾರ ಮುಂದೂ ಹೇಳಿಲ್ರಿ ಸಾಹೇಬ್ರ," ಎಂದಳು ಮೆಲ್ಲಗೆ. "ವಕೀಲಬಾಯಿಗೂ ಹೇಳಿಲ್ಲ, ಮನ್ಯಾಗೂ ಹೇಳಿಲ್ಲ. ನೀವು ಬಂದು ನಿಂತ್ರ ಸಾಕು."

ಅಂದಿನಿಂದ ಮನೋಹರನಿಗೆ ಹೊಸ ಹುರುಪು ಬಂತು. ಅಟ್ಟದ ಮೇಲಿಟ್ಟ ಹಳೆಯ ಪುಸ್ತಕಗಳನ್ನು ಇಳಿಸಿದ. ಮುರಿದ ಕಾಲಿನ ಊತ, ಒತ್ತಡ, ರಕ್ತ ನಿಂತ ಮೇಲೆ ಸ್ನಾಯು ಎಷ್ಟು ಹೊತ್ತು ಬದುಕೀತು, ಎಲ್ಲವನ್ನೂ ಪರೀಕ್ಷೆಗೆ ಓದಿದಂತೆ ಓದಿದ. ಓದುತ್ತ ಓದುತ್ತ, ಧರ್ಮರಾಜ ಕಟಕಟೆಯ ಮುಂದೆ ತಲೆ ತಗ್ಗಿಸಿ ಕೂತಂತೆ, ತಾನು ಒಂದೊಂದೇ ವಾಕ್ಯ ಹೇಳುತ್ತ ಹೋದಂತೆ ಕಣ್ಣಮುಂದೆ ತಂದುಕೊಳ್ಳುತ್ತಿದ್ದ. ಎಷ್ಟೋ ವರ್ಷದ ಮೇಲೆ ಅವನಿಗೆ ಹಸಿವೆ ಚೆನ್ನಾಗಿ ಆಗತೊಡಗಿತು.

ಸುಮಂಗಲಾ ಒಂದು ದಿನ ಮೆಂತ್ಯದ ಸೊಪ್ಪು ಸೋಸುತ್ತ ಕೂತವಳು, ಅವನ ಕಡೆ ನೋಡದೆಯೇ ಕೇಳಿದಳು: "ನೀವು ಅವ್ವಣ್ಣನ ಕಾಲಿನ ಸಲುವಾಗಿ ಓದಾಕತ್ತೀರೋ, ಧರ್ಮರಾಜಣ್ಣನ ಕಾಲು ಎಳಿಯೂ ಸಲುವಾಗಿ ಓದಾಕತ್ತೀರೋ?"

"ತಪ್ಪು ಮಾಡ್ಯಾನ ಅವ."

"ಮಾಡ್ಯಾರ. ಅದಕ್ಕ ನಿಮ್ಮ ಮಾರಿ ಯಾಕ ಹಿಂಗ ಅರಳೇದ?"

ಅವನು ಪುಸ್ತಕ ಮುಚ್ಚಿ ಹೊರಗೆ ಹೋದ. ತನ್ನ ಹೆಂಡತಿಯೂ ಆ ಕಡೆಯವಳೇ ಎಂದುಕೊಂಡ. ಮಾರ್ಕೆಟ್ಟಿನ ಗದ್ದಲದಲ್ಲಿ ಅಲೆದು, ಏನೂ ಕೊಳ್ಳದೆ ಹಿಂದಿರುಗಿದ.

ಸುದ್ದಿ ಹಬ್ಬಿತು. ಸುತ್ತಲಿನ ಡಾಕ್ಟರರ ಸಂಘದ ಕಾರ್ಯದರ್ಶಿ ಮೋಹನದಾಸ್ ದವಾಖಾನೆಗೇ ಬಂದ. "ಇವತ್ತು ಅವನ ಮೇಲೆ, ನಾಳೆ ನಿನ್ನ ಮೇಲೆ," ಎಂದ. "ಒಂದೊಂದು ಪೇಷಂಟಿನ ಹಿಂದೆ ಒಬ್ಬೊಬ್ಬ ವಕೀಲ ಬಂದು ನಿಂತರೆ ನಾವು ನಾಡಿ ಮುಟ್ಟುವುದಕ್ಕೂ ಹೆದರಬೇಕಾಗುತ್ತದೆ. ವಿಮೆ ಅಂತ, ಇಲ್ಲದ ಟೆಸ್ಟು ಅಂತ, ಅದರ ಖರ್ಚೆಲ್ಲ ಕಡೆಗೆ ಬೀಳುವುದು ಯಾರ ಮೇಲೆ? ಇದೇ ಬಡವರ ಮೇಲೆ." ಮನೋಹರ ಹಟ ಬಿಡಲಿಲ್ಲ. ಆಮೇಲೆ ಲ್ಯಾಬಿನವರು ಅವನ ರಿಪೋರ್ಟುಗಳನ್ನು ತಡಮಾಡಿ ಕೊಡತೊಡಗಿದರು. ಅವನು ಚೀಟಿ ಬರೆದು ಕಳಿಸಿದ ರೋಗಿಗಳನ್ನು ದೊಡ್ಡ ಡಾಕ್ಟರರು ಹೊರಗೆ ಕಾಯಿಸಿ ಕೂರಿಸುತ್ತಿದ್ದರು. ಮದುವೆ ಮುಂಜಿಗಳಲ್ಲಿ ಅವನ ಪಕ್ಕದ ಕುರ್ಚಿ ಖಾಲಿಯೇ ಉಳಿಯುತ್ತಿತ್ತು. ಧರ್ಮರಾಜ ಮಾತ್ರ ಒಂದು ಮಾತೂ ಆಡಲಿಲ್ಲ, ಫೋನೂ ಮಾಡಲಿಲ್ಲ. ಸಿಟ್ಟಿಗಾದರೂ ಅವನು ತನ್ನನ್ನು ಲೆಕ್ಕಕ್ಕೆ ತೆಗೆದುಕೊಳ್ಳಲಿಲ್ಲವಲ್ಲ ಎಂದು ಮನೋಹರನಿಗೆ ಹೊಟ್ಟೆ ಇನ್ನಷ್ಟು ಉರಿಯಿತು.

*

ತಾರೀಖುಗಳು ಬಿದ್ದವು, ಮುಂದಕ್ಕೆ ಹೋದವು. ಮನೋಹರನ ಸರದಿ ಬರುವಷ್ಟರಲ್ಲಿ ಎರಡು ಸಾವಿರದ ಇಸವಿ ಬಂದಿತ್ತು. ಗ್ರಾಹಕ ವೇದಿಕೆಯೆಂದರೆ ಅವನು ಎಣಿಸಿದಂಥ ಕೋರ್ಟಾಗಿರಲಿಲ್ಲ. ಎತ್ತರದ ಒಂದು ಹಳೆಯ ಕೋಣೆ, ಮೇಜಿನ ಆಚೆ ಅಧ್ಯಕ್ಷರು ಮತ್ತು ಇಬ್ಬರು ಸದಸ್ಯರು, ಈಚೆಗೆ ಬೆಂಚುಗಳು. ಹಿಂದಿನ ಬೆಂಚಿನಲ್ಲಿ ಅವ್ವಣ್ಣ ಊರುಗೋಲುಗಳನ್ನು ತೊಡೆಯ ಮೇಲೆ ಅಡ್ಡವಿಟ್ಟುಕೊಂಡು ಕೂತಿದ್ದ, ಪಕ್ಕದಲ್ಲಿ ಮರೆಮ್ಮ. ಮುಂದಿನ ಸಾಲಿನಲ್ಲಿ ಧರ್ಮರಾಜ. ಕೂದಲು ನೆರೆತಿದ್ದವು, ಅದೂ ಅವನಿಗೆ ಒಪ್ಪುತ್ತಿತ್ತು.

ಮನೋಹರ ತನ್ನ ಹೇಳಿಕೆಯನ್ನು ಚೆನ್ನಾಗಿಯೇ ಹೇಳಿದ. ಆಮೇಲೆ ಧರ್ಮರಾಜನ ಕಡೆಯ ಹಿರಿಯ ವಕೀಲರು ಎದ್ದರು. ಮರಾಠಿಯಲ್ಲಿ, ಬಲು ಸೌಜನ್ಯದಿಂದ ಕೇಳತೊಡಗಿದರು.

"ಡಾಕ್ಟರ್ ಸಾಹೇಬರು ಎಂ.ಬಿ.ಬಿ.ಎಸ್. ಅಲ್ಲವೇ?"

"ಹೌದು."

"ಮುರಿದ ಕಾಲಿಗೆ ತಾವೇ ಪ್ಲಾಸ್ಟರ್ ಹಾಕಿ ಎಷ್ಟು ವರ್ಷವಾಯಿತು?"

"ಓದುವಾಗ ಹಾಕಿದ್ದೆ. ಆಮೇಲೆ ಇಲ್ಲ."

"ಎಂ.ಎಸ್. ಸೀಟಿಗೆ ತಾವೂ ಪರೀಕ್ಷೆಗೆ ಕೂತಿದ್ದಿರಂತೆ. ಸಿಗಲಿಲ್ಲ. ಡಾಕ್ಟರ್ ಧರ್ಮರಾಜರಿಗೆ ಸಿಕ್ಕಿತು. ಪುಣೆಯಲ್ಲಿ ತಮಗೆ ದವಾಖಾನೆ ಹುಡುಕಿಕೊಟ್ಟವರು ಅವರು. ತಮ್ಮ ಮಗನ ಕೈ ಮುರಿದಾಗ ಪಟ್ಟಿ ಹಾಕಿದವರೂ ಅವರು. ಒಂದು ಪೈಸೆ ಮುಟ್ಟಲಿಲ್ಲ. ನಿಜವೇ?"

"ನಿಜ."

"ಹಾಗಾದರೆ ಇದನ್ನು ಶಾಸ್ತ್ರದ ಮಾತೆನ್ನೋಣವೇ, ಹೊಟ್ಟೆಕಿಚ್ಚಿನ ಮಾತೆನ್ನೋಣವೇ?"

ಬೆಂಚಿನಲ್ಲಿ ಯಾರೋ ಕಿಸಕ್ಕೆಂದರು. ಆರತಿ ಎದ್ದು ಆಕ್ಷೇಪಿಸಿದಳು. ಅಧ್ಯಕ್ಷರು ಕೈಯಾಡಿಸಿ ಮುಂದೆ ನಡೆಸಿ ಎಂದರು. ಮನೋಹರನಿಗೆ ತಾನು ಇಷ್ಟು ವರ್ಷ ಯಾರಿಗೂ ಕಾಣದಂತೆ ಮುಚ್ಚಿಟ್ಟುಕೊಂಡದ್ದು ಈ ಅಪರಿಚಿತ ಮುದುಕನಿಗೆ ಅಂಗೈಯ ಗೆರೆಯಂತೆ ಕಾಣುತ್ತಿದೆ ಎನಿಸಿತು.

"ಕೊನೆಯದೊಂದು," ಎಂದರು ವಕೀಲರು ಕಾಗದಗಳನ್ನು ಜೋಡಿಸಿಕೊಳ್ಳುತ್ತ. "ಪುಸ್ತಕದ ಮಾತು ಪುಸ್ತಕದಲ್ಲಿರಲಿ. ಆ ಮೂರು ದಿನಗಳಲ್ಲಿ ತಾವು ಈ ರೋಗಿಯನ್ನು ನೋಡಿಯೇ ಇಲ್ಲ. ಅವನ ಕಾಲಿನ ಬಗ್ಗೆ ತಮಗೆ ನೇರವಾಗಿ ಏನೂ ಗೊತ್ತಿಲ್ಲ. ಹೌದೋ, ಅಲ್ಲವೋ?"

ಹೌದು ಎಂದರೆ ಮುಗಿಯಿತು. ಸುಳ್ಳೂ ಅಲ್ಲ, ರೋಗಿಯನ್ನು ಅವನು ನೋಡಿರಲಿಲ್ಲ. ಮರೆಮ್ಮ ತಲೆ ತಗ್ಗಿಸಿಕೊಂಡಿದ್ದಳು. ಮನೋಹರ ಧರ್ಮರಾಜನ ಕಡೆ ನೋಡಿದ. ಧರ್ಮರಾಜನೂ ಅವನನ್ನೇ ನೋಡುತ್ತಿದ್ದ. ಆ ನೋಟದಲ್ಲಿ ಸಿಟ್ಟಿರಲಿಲ್ಲ, ಗೆಲುವೂ ಇರಲಿಲ್ಲ. ಹಾಸ್ಟೆಲಿನ ಗೋಡೆಗೆ ಫಲಿತಾಂಶದ ಹಾಳೆ ಅಂಟಿಸಿದ ದಿನ, "ಇರ್ಲಿ ಬಿಡಲೇ ಮನ್ಯಾ, ಮುಂದಿನ ವರ್ಷ ಅದಲ್ಲ," ಎಂದು ಹೆಗಲ ಮೇಲೆ ಕೈ ಹಾಕಿದಾಗ ಇದ್ದಂಥದೇ ಒಂದು ಕನಿಕರ ಇತ್ತು. ಮನೋಹರ ಏನನ್ನು ಬೇಕಾದರೂ ಸಹಿಸುತ್ತಿದ್ದ. ಅದನ್ನು ಸಹಿಸುವುದು ಅವನಿಂದಾಗಲಿಲ್ಲ.

"ಅಲ್ಲ," ಎಂದ. "ರೋಗಿಯನ್ನು ನಾನು ನೋಡಿಲ್ಲ. ಆದರೆ ಅವನ ಹೆಂಡತಿ ನನ್ನ ದವಾಖಾನೆಗೆ ಬಂದಿದ್ದಳು. ಎರಡನೆಯ ದಿನ ಸಂಜೆ. ಬೆರಳು ತಣ್ಣಗಾಗಿವೆ, ಮುಟ್ಟಿದರೆ ಗೊತ್ತಾಗುತ್ತಿಲ್ಲ, ನರ್ಸಿಗೂ ಅಲ್ಲಿದ್ದ ಡಾಕ್ಟರಿಗೂ ಹೇಳಿದೆ, ಯಾರೂ ಬಿಚ್ಚುತ್ತಿಲ್ಲ ಎಂದಳು."

ವಕೀಲರ ಕೈ ಕಾಗದದ ಮೇಲೆ ನಿಂತಿತು. ಆರತಿ ಎದ್ದೇ ನಿಂತಳು. ಅಧ್ಯಕ್ಷರು ಕನ್ನಡಕ ತೆಗೆದು ಮುಂದಕ್ಕೆ ಬಾಗಿದರು.

"ತಾವು ಡಾಕ್ಟರು. ಅದನ್ನು ಕೇಳಿದ ಮೇಲೆ ಏನು ಮಾಡಿದಿರಿ?"

"ಏನೂ ಮಾಡಲಿಲ್ಲ."

"ಪ್ಲಾಸ್ಟರ್ ಕತ್ತರಿಸಬೇಕು ಎಂಬುದು ತಮಗೆ ಹೊಳೆಯಲಿಲ್ಲವೇ?"

"ಹೊಳೆಯಿತು."

"ಫೋನು ಇರಲಿಲ್ಲವೇ?"

"ಇತ್ತು. ಮಾಡಲಿಲ್ಲ."

ಧರ್ಮರಾಜನ ಮುಖ ಬಿಳಿಚಿಕೊಂಡಿತು. ಅದನ್ನು ಕಂಡು ಮನೋಹರನಿಗೆ ಸುಖವಾಯಿತು. ತಾನೂ ಮುಳುಗುತ್ತಿದ್ದೇನೆಂದು ಗೊತ್ತಿದ್ದೂ, ಅವನನ್ನು ಹಿಡಿದುಕೊಂಡೇ ಮುಳುಗುತ್ತಿದ್ದೇನೆ ಎಂಬ ಸುಖ. ಅಷ್ಟರಲ್ಲಿ ಹಿಂದಿನ ಬೆಂಚಿನಿಂದ ಊರುಗೋಲೊಂದು ಜಾರಿ ನೆಲಕ್ಕೆ ಬಿದ್ದ ಸದ್ದಾಯಿತು.

ಅವ್ವಣ್ಣನಿಗೆ ಮರಾಠಿ ತಿಳಿಯುತ್ತಿತ್ತು. ಅವನು ಮನೋಹರನ ಕಡೆ ನೋಡಲಿಲ್ಲ. ಹೆಂಡತಿಯ ಕಡೆ ತಿರುಗಿ, "ನೀ ಇವರ ಕಡಿ ಹೋಗಿದ್ದೇನು?" ಎಂದ, ಇಡೀ ಕೋಣೆಗೆ ಕೇಳುವಂತೆ. "ಹೋಗಿದ್ದೇನಲೇ ಮರಿ? ಇವರಿಗೆ ಗೊತ್ತಿತ್ತೇನು?"

ಮರೆಮ್ಮ ಬಗ್ಗಿ ಊರುಗೋಲನ್ನು ಎತ್ತಿ ಅವನ ಕೈಗಿಟ್ಟಳು. ಸೆರಗಿನಿಂದ ಬಾಯಿ ಮುಚ್ಚಿಕೊಂಡಳು.

*

ಹೊರಗೆ ವರಾಂಡದಲ್ಲಿ ಧರ್ಮರಾಜ ಅವನಿಗಾಗಿ ಕಾದಿದ್ದ. ಬೈಯುತ್ತಾನೆ, ಕೈಯೆತ್ತಿದರೂ ಎತ್ತಿಯಾನು ಎಂದುಕೊಂಡು ಮನೋಹರ ಸಿದ್ಧನಾಗಿಯೇ ಹತ್ತಿರ ಹೋದ.

"ಆ ಸಣ್ಣ ಡಾಕ್ಟರ್ ಹುಡುಗನ ಮ್ಯಾಲೆ ಬಿಟ್ಟು ಹೋಗಿದ್ದು ನನ್ನ ತಪ್ಪು," ಎಂದ ಧರ್ಮರಾಜ. "ವಕೀಲರು ಏನರ ಬರೀಲಿ, ನನಗ ಗೊತ್ತದ. ಆದ್ರ ಒಂದು ಫೋನ್, ಮನ್ಯಾ. ಒಂದು ಫೋನ್ ಮಾಡಿದ್ರ ನಾ ಮದುವಿ ಅಕ್ಕಿಕಾಳು ಬಿಟ್ಟು ಎದ್ದು ಬರ್ತಿದ್ದೆ. ಬರೂದು ಬ್ಯಾಡ, ಪ್ಲಾಸ್ಟರ್ ಸೀಳಲೇ ಅಂತ ಆ ಹುಡುಗಗ ಅಲ್ಲಿಂದನ ಹೇಳ್ತಿದ್ದೆ. ನಾ ಏನು ಮಾಡಿದ್ದೆನೋ ನಿನಗ?"

ಅವನ ಕಣ್ಣು ಒದ್ದೆಯಾಗಿದ್ದವು. ಹೋಗಿ ಬರುವವರು ನಿಂತು ಅವನನ್ನೇ ನೋಡುತ್ತಿದ್ದರು, ಅಯ್ಯೋ ಪಾಪ ಎಂಬಂತೆ. ತಪ್ಪು ಒಪ್ಪಿಕೊಂಡವನು ತಾನು, ಅದೂ ಎಲ್ಲರೆದುರು. ಆದರೆ ಕನಿಕರ ಹೋಗಿ ಸೇರಿದ್ದು ಅವನಿಗೆ. ಅತ್ತರೂ ಅವನು ಚಂದ ಕಾಣುತ್ತಾನೆ ಎಂದುಕೊಂಡ ಮನೋಹರ. ಮೆಟ್ಟಿಲಿಳಿದು ಸ್ವಾರಗೇಟಿನ ಬಸ್ಸು ಹತ್ತಿದ.

ವೇದಿಕೆ ಅವ್ವಣ್ಣನ ಪರವಾಗಿ ತೀರ್ಪು ಕೊಟ್ಟಿತು. ಎರಡನೆಯ ದಿನವೇ ದೂರು ಇತ್ತು ಎಂಬುದಕ್ಕೆ ಡಾಕ್ಟರ್ ಹುಣಶ್ಯಾಳರ ಮಾತನ್ನೇ ಆಧಾರ ಮಾಡಿಕೊಂಡು, ಅವರ ನಡತೆ ವೈದ್ಯನಿಗೆ ತಕ್ಕದ್ದಲ್ಲ ಎಂದೂ ಎರಡು ಸಾಲು ಬರೆಯಿತು. ಆ ಎರಡು ಸಾಲು ಮೆಡಿಕಲ್ ಕೌನ್ಸಿಲಿನವರೆಗೆ ಹೋದವು. ಅವನು ಮುಂಬಯಿಗೆ ಹೋಗಿ ತಲೆ ತಗ್ಗಿಸಿ ನಿಂತು ಎಚ್ಚರಿಕೆ ಪಡೆದು ಬಂದ. ನರ್ಸಿಂಗ್ ಹೋಮಿನ ಪರವಾಗಿ ವಿಮೆಯವರು ಮೇಲಿನ ಆಯೋಗಕ್ಕೆ ಹೋದರು. ಅಲ್ಲಿ ಇನ್ನೂ ಕೆಲವು ವರ್ಷ ಹೋದವು. ಕಡೆಗೆ ಪರಿಹಾರ ಅರ್ಧಕ್ಕಿಳಿದು, ಆ ಅರ್ಧವನ್ನೂ ಕಟ್ಟಿದ್ದು ವಿಮೆ ಕಂಪನಿ. ಧರ್ಮರಾಜನ ಹೊರರೋಗಿಗಳ ಸಾಲು ಒಂದು ಮಳೆಗಾಲ ಸಣ್ಣದಾಗಿತ್ತು. ಆಮೇಲೆ ಅವನು ರಾತ್ರಿ ಹಗಲು ಇರುವ ಇಬ್ಬರು ಎಲುಬಿನ ಡಾಕ್ಟರರನ್ನು ನೇಮಿಸಿಕೊಂಡ, ಮೇಲೊಂದು ಅಂತಸ್ತು ಎಬ್ಬಿಸಿದ. ಸಾಲು ರಸ್ತೆಯವರೆಗೆ ಬೆಳೆಯಿತು.

ಮನೋಹರನ ದವಾಖಾನೆಗೆ ಅಂಗಡಿಕಾರರು, ಗುಮಾಸ್ತರು ಬರುತ್ತಲೇ ಇದ್ದರು. ಕಟ್ಟಡದ ಕೆಲಸದ ಕನ್ನಡದ ಮಂದಿ ಮಾತ್ರ ಬರುವುದನ್ನು ಬಿಟ್ಟರು. ಯಾರೂ ಜಗಳ ಮಾಡಲಿಲ್ಲ, ಯಾರೂ ಬೈಯಲಿಲ್ಲ. ಬಾಗಿಲ ಮುಂದಿನಿಂದ ಹೋಗುವಾಗ ಕೆಲವರು, "ಶರಣ್ರಿ ಸಾಹೇಬ್ರ," ಎಂದೂ ಅನ್ನುತ್ತಿದ್ದರು.

*

ಅವ್ವಣ್ಣ ಪರಿಹಾರದ ಹಣದಲ್ಲಿ ಅಪ್ಪರ್ ಇಂದಿರಾನಗರದ ಏರಿನ ಮೇಲೆ ಸಣ್ಣದೊಂದು ಕಿರಾಣಿ ಅಂಗಡಿ ಹಾಕಿದ್ದಾನೆಂದು ಮನೋಹರ ಕೇಳಿದ್ದ. ಬಹಳ ದಿನ ಆ ಕಡೆ ಹೋಗಲಿಲ್ಲ. ಎರಡು ಸಾವಿರದ ಆರರ ಬೇಸಿಗೆಯ ಒಂದು ಮುಂಜಾನೆ ಆ ಏರಿನಲ್ಲಿ ಒಬ್ಬ ವೃದ್ಧರನ್ನು ಮನೆಗೇ ಹೋಗಿ ನೋಡಬೇಕಾಗಿ ಬಂತು. ಹಿಂದಿರುಗುವಾಗ ಕಾಲು ತಾವಾಗಿಯೇ ಆ ಅಂಗಡಿಯ ಮುಂದೆ ನಿಂತವು.

ಅವ್ವಣ್ಣ ಮಾರ್ಕೆಟ್ಟಿಗೆ ಸರಕು ತರಲು ಹೋಗಿದ್ದನಂತೆ. ಮರೆಮ್ಮ ತಕ್ಕಡಿ ಹಿಡಿದು ಅಕ್ಕಿ ತೂಗುತ್ತಿದ್ದಳು. ಮೈ ಸ್ವಲ್ಪ ತುಂಬಿತ್ತು. ಅವನನ್ನು ಕಂಡು ಒಂದು ಗಳಿಗೆ ತಡವರಿಸಿ, "ಬರ್ರಿ ಸಾಹೇಬ್ರ, ಕುಂದರ್ರಿ," ಎಂದು ಸ್ಟೂಲು ಸರಿಸಿದಳು. ಅವನು ಕೂತ. ಸುಮ್ಮನೆ ಕೂರುವುದಕ್ಕೆ ಸಂಕೋಚವಾಗಿ ಅರ್ಧ ಕಿಲೋ ಬೆಲ್ಲ ಕೇಳಿದ.

ಗೋಣಿಚೀಲದ ಮೇಲೆ ಅವಳ ಮಗಳು ರೇಣು ಕೂತಿದ್ದಳು. ಅಪ್ಪನ ಕಾಲು ಹೋದ ಮರುವರ್ಷ ಹುಟ್ಟಿದವಳು. ಅವಳ ಬಲಗೈಗೆ ಬಿಳಿಯ ಪ್ಲಾಸ್ಟರು, ಕೊರಳಿಗೆ ಜೋಳಿಗೆಯಂತೆ ಕಟ್ಟಿದ ಪಟ್ಟಿ.

"ಏನಾತು ಕೈಗೆ?"

"ಜಾರಬಂಡಿ ಮ್ಯಾಲಿಂದ ಬಿದ್ಲ್ರಿ."

"ಎಲ್ಲಿ ಹಾಕಿಸಿದ್ರಿ?" ಕೇಳುವಾಗಲೇ ಅವನಿಗೆ ಉತ್ತರ ಗೊತ್ತಿತ್ತು.

"ಧರ್ಮರಾಜ ಸಾಹೇಬ್ರ ಕಡೇನೇರಿ. ಅವರೇ ಹಾಕಿದ್ರು. ಮುಂಜಾನಿ ಸಂಜಿ ತಾವೇ ಬಂದು ಬೆರಳು ಮುಟ್ಟಿ ನೋಡತಿದ್ರು, ಎರಡು ದಿನ ಮನಿಗೇ ಕಳಸಲಿಲ್ರಿ."

"ಅವನ ಕಡೇನಾ?" ಅವನ ದನಿ ಏರಿತು. "ಅಷ್ಟೆಲ್ಲಾ ಆದ ಮ್ಯಾಲೆ? ಕೋರ್ಟು, ಕಚೇರಿ, ಇಷ್ಟು ವರ್ಷ ತಿರುಗಿ, ಕಡೀಕ ಮತ್ತ ಅವನ ಕಡೇನಾ?"

ಮರೆಮ್ಮ ಬೆಲ್ಲದ ಉಂಡೆಯನ್ನು ತಕ್ಕಡಿಗಿಟ್ಟಳು. ಮುಳ್ಳು ನಿಲ್ಲುವವರೆಗೆ ಅದನ್ನೇ ನೋಡಿದಳು.

"ಅವತ್ತು ಅವ್ರು ಊರಾಗ ಇರಲಿಲ್ರಿ ಸಾಹೇಬ್ರ," ಎಂದಳು.

ಅಷ್ಟೇ ಅಂದು, ಬೆಲ್ಲವನ್ನು ಕಾಗದದಲ್ಲಿ ಸುತ್ತಿ, ದಾರ ಸುತ್ತಿ, ಅವನ ಮುಂದಿಟ್ಟಳು. ಅಷ್ಟರಲ್ಲಿ ಸೋಪು ಕೇಳುತ್ತ ಇಬ್ಬರು ಹೆಂಗಸರು ಬಂದರು. ಅವಳು ಅವರ ಕಡೆ ತಿರುಗಿದಳು.

ಮನೋಹರ ಹುಡುಗಿಯ ಕಡೆ ತಿರುಗಿದ. ರೇಣುವಿನ ಪ್ಲಾಸ್ಟರಿನ ಮೇಲೆ ನೀಲಿ ಶಾಯಿಯಲ್ಲಿ ಒಂದು ಗಿಳಿಯ ಚಿತ್ರವಿತ್ತು. ಕೊಕ್ಕು ಸ್ವಲ್ಪ ದೊಡ್ಡದಾಗಿತ್ತು, ಬಾಲ ಮೊಣಕೈಯವರೆಗೆ ಬಂದಿತ್ತು.

"ಯಾರು ಬರದಾರ?"

"ದೊಡ್ಡ ಡಾಕ್ಟರ್," ಎಂದಳು ಹುಡುಗಿ. "ಬ್ಯಾನಿ ಆದ್ರ ಗಿಳೀಗೆ ಹೇಳು ಅಂದಾರ." ಆಮೇಲೆ ಅವನ ಅಂಗಿಯ ಜೇಬಿನತ್ತ ಬೆರಳು ತೋರಿಸಿದಳು. "ನಿಮ್ಮ ಕಡೆ ಪೆನ್ನ ಅದಲ್ರಿ. ನೀವೂ ಏನರ ಬರೀರಿ. ಜಾಗಾ ಅದ, ನೋಡ್ರಿ, ಇಲ್ಲಿ."

ಅವನು ಪೆನ್ನು ತೆಗೆದು ಮುಚ್ಚಳ ಬಿಚ್ಚಿದ. ಹುಡುಗಿ ಕೈಯನ್ನು ಅವನ ತೊಡೆಯ ಮೇಲಿಟ್ಟು, ಅಲುಗದಂತೆ ಹಿಡಿದು ಕಾದಳು. ಗಿಳಿಯ ಪಕ್ಕದಲ್ಲಿ ಅಂಗೈಯಷ್ಟು ಬಿಳಿಯ ಜಾಗವಿತ್ತು. ಅಂಗಡಿಗೆ ಬಂದ ಹೆಂಗಸರು ಸೋಪು ಕೊಂಡು ಹೋದರು, ಇನ್ಯಾರೋ ಎಣ್ಣೆಗೆ ಬಂದರು. ಪೆನ್ನಿನ ಮೊನೆ ಪ್ಲಾಸ್ಟರಿನ ಮೇಲೆ ಒಂದೇ ಕಡೆ ಊರಿ ನಿಂತಿತ್ತು. ಅದರ ಸುತ್ತ ನೀಲಿ ಮೆಲ್ಲಗೆ ಹರಡುತ್ತಿತ್ತು.